ಕಂತು 108 ಪೌಂಡ್ ಕಮ್ಮಿ, ಬಡ್ಡಿ 65,000 ಪೌಂಡ್ ಜಾಸ್ತಿ: ಒಂದು ಮಾರ್ಟ್‌ಗೇಜ್ ಪ್ರಕರಣ

ಇಂಗ್ಲೆಂಡಿನ ರೆಡಿಂಗ್‌ನಲ್ಲಿರುವ ಒಂದು ಕನ್ನಡ ಕುಟುಂಬದ ಮನೆ ಸಾಲದ ಲೆಕ್ಕ ಇದು. ಗಂಡ ಹೆಂಡತಿ ಇಬ್ಬರೂ ದುಡಿಯುತ್ತಾರೆ. 2021ರ ಅಕ್ಟೋಬರ್‌ನಲ್ಲಿ 3 ಲಕ್ಷ ಪೌಂಡ್ ಕೊಟ್ಟು ಎರಡು ಬೆಡ್‌ರೂಮಿನ ಟೆರೇಸ್ ಮನೆ (ಅಕ್ಕಪಕ್ಕದ ಮನೆಗಳಿಗೆ ಗೋಡೆ ಅಂಟಿಕೊಂಡ ಸಾಲುಮನೆ) ತೆಗೆದುಕೊಂಡರು. 60,000 ಕೈಯಿಂದ ಹಾಕಿದರು, ಉಳಿದ 2,40,000 ಸಾಲ. 30 ವರ್ಷದ ಅವಧಿ, ಮೊದಲ 2 ವರ್ಷಕ್ಕೆ ಬಡ್ಡಿ ದರ 1.8% ಫಿಕ್ಸ್, ಅಂದರೆ ಅಷ್ಟು ದಿನ ದರ ಬದಲಾಗುವುದಿಲ್ಲ. ಅವರ ಹೆಸರು ಬೇಕಿಲ್ಲ, ಬ್ಯಾಂಕ್ ಯಾವುದು ಅನ್ನೋದೂ ಬೇಕಿಲ್ಲ. ಆ ವರ್ಷ ಬ್ರಿಟನ್ನಿನಲ್ಲಿ ಸಾಲ ಮಾಡಿದ ಎಷ್ಟೋ ಮನೆಗಳ ಕಥೆ ಹೆಚ್ಚುಕಮ್ಮಿ ಹೀಗೇ ಇದೆ. ಲೆಕ್ಕದಲ್ಲಿ ಪೆನ್ಸ್ ಬಿಟ್ಟಿದ್ದೇನೆ.

ಅವರದ್ದು ರಿಪೇಮೆಂಟ್ ಮಾರ್ಟ್‌ಗೇಜ್. ಪ್ರತಿ ಕಂತಿನಲ್ಲೂ ಬಡ್ಡಿ ಇರುತ್ತದೆ, ಅಸಲೂ ಇರುತ್ತದೆ. ಕೊನೆಯ ಕಂತು ಕಟ್ಟಿದ ದಿನ ಸಾಲ ಸೊನ್ನೆ. ಇಂಟರೆಸ್ಟ್ ಓನ್ಲಿ ಸಾಲದಲ್ಲಿ ಬರೀ ಬಡ್ಡಿ ಕಟ್ಟುತ್ತಾ ಹೋಗಿ, ಅವಧಿ ಮುಗಿದಾಗ ಪೂರ್ತಿ ಅಸಲನ್ನು ಒಂದೇ ಸಲ ಹೊಂದಿಸಬೇಕು. ಇಲ್ಲಿ ಆ ತಲೆನೋವಿಲ್ಲ. ಅದಕ್ಕೇ ರಿಪೇಮೆಂಟ್ ಅಂದ ಕೂಡಲೇ ಜನ ನಿರಾಳವಾಗಿಬಿಡುತ್ತಾರೆ. ಕಂತು ಹೋಗುತ್ತಿದೆ, ಸಾಲ ತೀರುತ್ತಿದೆ ಅಂತ. ತೀರುತ್ತಿರೋದೇನೋ ನಿಜ. ಎಷ್ಟು ಬೇಗ ತೀರುತ್ತಿದೆ ಅಂತ ಯಾರೂ ಕೇಳಿಕೊಳ್ಳುವುದಿಲ್ಲ.

ಮೊದಲ ಎರಡು ವರ್ಷ

ತಿಂಗಳ ಕಂತು 863 ಪೌಂಡ್. ಮೊದಲ ತಿಂಗಳಲ್ಲೇ ಅದರಲ್ಲಿ 360 ಬಡ್ಡಿಗೆ, 503 ಅಸಲಿಗೆ. ಅಂದರೆ ಕಂತಿನ ಅರ್ಧಕ್ಕಿಂತ ಜಾಸ್ತಿ ದುಡ್ಡು ಶುರುವಿನಿಂದಲೇ ಸಾಲವನ್ನು ಕರಗಿಸುತ್ತಿತ್ತು. ಇದು ಅಪರೂಪದ ಕಾಲ. ಬ್ಯಾಂಕ್ ಆಫ್ ಇಂಗ್ಲೆಂಡಿನ, ಅಂದರೆ ಬ್ರಿಟನ್ನಿನ ಕೇಂದ್ರ ಬ್ಯಾಂಕಿನ ದರ ಆಗ 0.1% ಇತ್ತು. ಹೀಗೇ ಮುಂದುವರಿದಿದ್ದರೆ 30 ವರ್ಷದಲ್ಲಿ ಒಟ್ಟು ಬಡ್ಡಿ ಸುಮಾರು 70,800 ಪೌಂಡ್. ಎರಡೂ ಕಾಲು ಲಕ್ಷಕ್ಕೂ ಜಾಸ್ತಿ ಸಾಲಕ್ಕೆ ಅದೇನು ದೊಡ್ಡದಲ್ಲ ಅನ್ನಿಸಿತ್ತು ಅವರಿಗೆ. ಮನಸ್ಸಿನಲ್ಲಿ ಕೂತಿದ್ದೂ ಅದೇ ಅಂಕಿ.

ಆದರೆ ಬ್ರಿಟನ್ನಿನಲ್ಲಿ 30 ವರ್ಷಕ್ಕೆ ಒಂದೇ ದರ ಹೆಚ್ಚುಕಮ್ಮಿ ಯಾರಿಗೂ ಸಿಗುವುದಿಲ್ಲ. 2 ವರ್ಷ, 5 ವರ್ಷ ಫಿಕ್ಸ್ ಮಾಡಿಸಿಕೊಳ್ಳುತ್ತಾರೆ, ಮುಗಿದ ಮೇಲೆ ಮತ್ತೊಂದು. ಹೊಸದು ಮಾಡಿಸದೆ ಸುಮ್ಮನಿದ್ದರೆ ಸಾಲ ತಾನಾಗಿಯೇ, ಬ್ಯಾಂಕ್ ತನಗೆ ಬೇಕಾದಾಗ ಬದಲಿಸಬಹುದಾದ ಸ್ಟ್ಯಾಂಡರ್ಡ್ ವೇರಿಯಬಲ್ ರೇಟ್‌ಗೆ ಜಾರುತ್ತದೆ. ಅದು ಸಾಮಾನ್ಯವಾಗಿ ದುಬಾರಿ. ಹಾಗಾಗಿ 30 ವರ್ಷದ ಒಟ್ಟು ಬಡ್ಡಿ ಅಂತ ಮೊದಲ ದಿನ ಯಾರೇ ಹೇಳಿದರೂ ಅದು ಅಂದಾಜು ಅಷ್ಟೆ.

ಎರಡು ವರ್ಷದಲ್ಲಿ ಅವರು ಕಟ್ಟಿದ್ದು ಸುಮಾರು 20,700. ಅದರಲ್ಲಿ 12,300 ಅಸಲಿಗೆ ಹೋಯಿತು. ಬಾಕಿ 2,27,710ಕ್ಕೆ ಇಳಿಯಿತು.

2023ರ ಅಕ್ಟೋಬರ್

2021ರ ಡಿಸೆಂಬರ್‌ನಿಂದ ಬ್ಯಾಂಕ್ ಆಫ್ ಇಂಗ್ಲೆಂಡ್ ಸತತವಾಗಿ 14 ಸಲ ದರ ಏರಿಸಿತು. 2023ರ ಆಗಸ್ಟ್ ಹೊತ್ತಿಗೆ 5.25% ಆಗಿತ್ತು. ನಡುವೆ 2022ರ ಸೆಪ್ಟೆಂಬರ್‌ನ ಮಿನಿ ಬಜೆಟ್‌ನ ಗಲಾಟೆ ಬೇರೆ; ಸಾಲ ಮಾಡಿ ತೆರಿಗೆ ಇಳಿಸುತ್ತೇವೆ ಅಂದ ಸರ್ಕಾರದ ಆ ಘೋಷಣೆಗೆ ಮಾರುಕಟ್ಟೆ ಬೆಚ್ಚಿ ಮನೆ ಸಾಲದ ದರ ಇನ್ನೂ ಏರಿತು. ಇವರ ಫಿಕ್ಸ್ ಮುಗಿದದ್ದು ಸರಿಯಾಗಿ ಇಂಥ ಹೊತ್ತಿನಲ್ಲಿ. ಅದೇ ಬ್ಯಾಂಕ್ 5 ವರ್ಷಕ್ಕೆ 5.4% ಕೊಟ್ಟಿತು. ಆಗಿನ ಮಾರುಕಟ್ಟೆಗೆ ಕೆಟ್ಟ ದರವೇನಲ್ಲ.

ಉಳಿದ 28 ವರ್ಷದ ಅವಧಿಗೆ ಹೊಸ ಕಂತು 1,316 ಪೌಂಡ್. 863ರಿಂದ 1,316ಕ್ಕೆ, ಅಂದರೆ ತಿಂಗಳಿಗೆ ಸುಮಾರು 450 ಪೌಂಡ್ ಏರಿಕೆ. ಎಲ್ಲರಿಗೂ ಕಾಣಿಸಿದ್ದು ಇದು, ಮಾತಾಡಿದ್ದೂ ಇದರ ಬಗ್ಗೆಯೇ.

ಕಾಣದೆ ಹೋದದ್ದು ಇನ್ನೊಂದು. ಹಳೆಯ ಫಿಕ್ಸ್‌ನ ಕೊನೆಯ ತಿಂಗಳಲ್ಲಿ 863ರ ಕಂತಿನಲ್ಲಿ 521 ಪೌಂಡ್ ಅಸಲಿಗೆ ಹೋಗುತ್ತಿತ್ತು. ಹೊಸ ಫಿಕ್ಸ್‌ನ ಮೊದಲ ತಿಂಗಳಲ್ಲಿ 1,316ರ ಕಂತಿನಲ್ಲಿ ಅಸಲಿಗೆ ಹೋಗುವುದು 291 ಮಾತ್ರ. ಬಡ್ಡಿಯೇ 1,025. ಕಟ್ಟುವ ದುಡ್ಡು ಅರ್ಧಕ್ಕರ್ಧ ಏರಿತು, ಸಾಲ ಇಳಿಯುವ ವೇಗ ಅರ್ಧಕ್ಕೆ ಹತ್ತಿರ ಬಿತ್ತು. ನನ್ನ ಪ್ರಕಾರ ಈ ಪ್ರಕರಣದಲ್ಲಿ ನೋಡಬೇಕಾದ ಮೊದಲ ಅಂಕಿ ಇದೇ. ಕಂತು ಎಷ್ಟು ಅಂತ ಕೇಳಿದರೆ ತಿಂಗಳ ಖರ್ಚು ಗೊತ್ತಾಗುತ್ತದೆ. ಕಂತಿನಲ್ಲಿ ಅಸಲು ಎಷ್ಟು ಅಂತ ಕೇಳಿದರೆ ಮಾತ್ರ ಸಾಲದ ಸ್ಥಿತಿ ಗೊತ್ತಾಗೋದು.

35 ವರ್ಷದ ದಾರಿ

1,316 ಅವರ ಕೈಗೆ ಎಟುಕುತ್ತಿರಲಿಲ್ಲ. ಮಗುವಿಗೆ ಇನ್ನೂ ಒಂದು ವರ್ಷ ತುಂಬಿರಲಿಲ್ಲ. ನರ್ಸರಿ ಫೀಸು ಹಳೆಯ ಕಂತಿಗಿಂತ ಜಾಸ್ತಿ ಬರುತ್ತಿತ್ತು. ಬ್ರೋಕರ್ ಒಂದು ದಾರಿ ತೋರಿಸಿದ: ಅವಧಿಯನ್ನು 28ರಿಂದ 35 ವರ್ಷಕ್ಕೆ ಎಳೆಯಿರಿ, ಕಂತು 1,208ಕ್ಕೆ ಇಳಿಯುತ್ತದೆ. ಕೈ ಸಡಿಲವಾದಾಗ ಹೆಚ್ಚುವರಿ ಕಟ್ಟಿಕೊಳ್ಳಿ.

ತಿಂಗಳಿಗೆ 108 ಪೌಂಡ್ ಉಳಿತಾಯ. ಅವರು ಒಪ್ಪಿಕೊಂಡರು. ಆ ಪರಿಸ್ಥಿತಿಯಲ್ಲಿ ಇನ್ಯಾರೇ ಇದ್ದರೂ ಒಪ್ಪಿಕೊಳ್ಳುತ್ತಿದ್ದರು. ಕ್ರೆಡಿಟ್ ಕಾರ್ಡಿನಲ್ಲಿ ದಿನಸಿ ತರುವ ಬದಲು ಮನೆ ಸಾಲದ ಅವಧಿ ಎಳೆಯೋದು ಎಷ್ಟೋ ವಾಸಿ.

ಈಗ ಬೆಲೆ ನೋಡಿ. ದರ ಕೊನೆಯವರೆಗೂ 5.4% ಇರುತ್ತದೆ ಅಂತ ಇಟ್ಟುಕೊಂಡರೆ, 28 ವರ್ಷಕ್ಕೆ ಕಟ್ಟುವ ಒಟ್ಟು ಮೊತ್ತ 4,42,100. ಅದರಲ್ಲಿ ಬಡ್ಡಿ 2,14,400. 35 ವರ್ಷಕ್ಕೆ ಒಟ್ಟು 5,07,300, ಬಡ್ಡಿ 2,79,600. ವ್ಯತ್ಯಾಸ 65,200 ಪೌಂಡ್. ಸಾಲ ಕೊಡುವ ಮುಂಚೆ ಬ್ಯಾಂಕ್ ಕೊಡುವ ಇಲ್ಲಸ್ಟ್ರೇಶನ್ ಕಾಗದದಲ್ಲಿ, ಸಾಲ ಪಡೆದ ಪ್ರತಿ 1 ಪೌಂಡ್‌ಗೆ ಎಷ್ಟು ವಾಪಸ್ ಕಟ್ಟುತ್ತೀರಿ ಅನ್ನುವ ಒಂದು ಸಾಲು ಇರುತ್ತದೆ. ಈ ಲೆಕ್ಕದ ಪ್ರಕಾರ 28 ವರ್ಷಕ್ಕೆ ಅದು 1.94, 35 ವರ್ಷಕ್ಕೆ 2.23. ಅವರ ಕಾಗದದಲ್ಲಿ ಇದಕ್ಕಿಂತಲೂ ದೊಡ್ಡ ಅಂಕಿ ಇತ್ತು. ಫಿಕ್ಸ್ ಮುಗಿದ ಮೇಲೆ ಉಳಿದ ಅಷ್ಟೂ ವರ್ಷ ನೀವು ವೇರಿಯಬಲ್ ದರದಲ್ಲೇ ಇರುತ್ತೀರಿ ಅಂತ ಊಹಿಸಿ ಆ ಕಾಗದ ಮಾಡುತ್ತಾರೆ. ಅದೇ ಊಹೆಯಿಂದ ಬರುವ ಎಪಿಆರ್‌ಸಿ ಅನ್ನುವ, ಫೀಗಳನ್ನೂ ಸೇರಿಸಿ ಲೆಕ್ಕ ಹಾಕಿದ ವಾರ್ಷಿಕ ಶೇಕಡಾವಾರು ಕೂಡ ಅಲ್ಲೇ ಇರುತ್ತದೆ. ಎರಡು ಆಫರ್ ಹೋಲಿಸಲು ಅದು ಕೆಲಸಕ್ಕೆ ಬರುತ್ತದೆ, ನೀವು ನಿಜಕ್ಕೂ ಎಷ್ಟು ಕಟ್ಟುತ್ತೀರಿ ಅಂತ ಹೇಳುವುದಿಲ್ಲ.

ವೇರಿಯಬಲ್ ದರ ಎಷ್ಟು ಕಚ್ಚುತ್ತದೆ ಅಂತ ಒಂದೇ ಉದಾಹರಣೆ. 2023ರ ಕೊನೆಯಲ್ಲಿ ಎಷ್ಟೋ ಕಡೆ ಅದು 8% ಆಸುಪಾಸು ಇತ್ತು. 2,27,710 ಬಾಕಿಗೆ 8% ಅಂದರೆ ತಿಂಗಳ ಬಡ್ಡಿಯೇ 1,518. 5.4%ಗಿಂತ ಸುಮಾರು 490 ಪೌಂಡ್ ಜಾಸ್ತಿ. ಫಿಕ್ಸ್ ಮುಗಿಯುವ ತಾರೀಖು ಮರೆತು ಎರಡು ತಿಂಗಳು ಕೂತರೆ ಸಾವಿರ ಪೌಂಡ್ ನೀರಿಗೆ ಹಾಕಿದ ಹಾಗೆ. ಇವರು ಆ ವಿಷಯದಲ್ಲಿ ಹುಷಾರಾಗಿದ್ದರು.

35 ವರ್ಷದ ಸಾಲ ಎಷ್ಟು ನಿಧಾನ ಅನ್ನೋದು ಇನ್ನೊಂದು ಲೆಕ್ಕದಿಂದ ಚೆನ್ನಾಗಿ ತಿಳಿಯುತ್ತದೆ. 5.4%ರಲ್ಲಿ ಅರ್ಧ ಸಾಲ ತೀರಲು ಎಷ್ಟು ವರ್ಷ ಬೇಕು? ಬಹಳಷ್ಟು ಜನ ಹದಿನೇಳೂವರೆ ಅಂತಾರೆ. ಉತ್ತರ 24 ವರ್ಷ 9 ತಿಂಗಳು. ಕಂತಿನಲ್ಲಿ ಬಡ್ಡಿಗಿಂತ ಅಸಲು ಜಾಸ್ತಿ ಆಗಲಿಕ್ಕೇ 22 ವರ್ಷ ದಾಟಬೇಕು. ಕಾರಣ ಸರಳ. ಬಡ್ಡಿ ಯಾವಾಗಲೂ ಬಾಕಿಯ ಮೇಲೆ. ಬಾಕಿ ದೊಡ್ಡದಿದ್ದಾಗ ಕಂತಿನ ಬಹುಪಾಲನ್ನು ಬಡ್ಡಿಯೇ ತಿನ್ನುತ್ತದೆ. ಬಾಕಿ ಇಳಿಯದಿದ್ದರೆ ಬಡ್ಡಿಯೂ ಇಳಿಯದು.

65,000 ಅಂದರೆ ನಿಜಕ್ಕೂ 65,000 ಏನು?

ಇಲ್ಲಿ ಸ್ವಲ್ಪ ನ್ಯಾಯವಾಗಿ ಮಾತಾಡಬೇಕು. ಇಂಥ ದೊಡ್ಡ ಅಂಕಿ ತೋರಿಸಿ ಹೆದರಿಸೋದು ಸುಲಭ. ಆ 65,000 ಇವತ್ತಿನ ದುಡ್ಡಲ್ಲ.

ಬಿಡಿಸಿ ನೋಡಿದರೆ ವ್ಯವಹಾರ ಹೀಗಿದೆ. ಮೊದಲ 28 ವರ್ಷ ತಿಂಗಳಿಗೆ 108 ಉಳಿಯುತ್ತದೆ. ಒಟ್ಟು ಸುಮಾರು 36,200. ಆಮೇಲೆ 7 ವರ್ಷ ತಿಂಗಳಿಗೆ 1,208 ಕಟ್ಟಬೇಕು. ಒಟ್ಟು 1,01,500. ಇವೆರಡರ ವ್ಯತ್ಯಾಸವೇ 65,000. ಬ್ಯಾಂಕ್ ಆಫ್ ಇಂಗ್ಲೆಂಡಿನ ಗುರಿಯಂತೆ ಹಣದುಬ್ಬರ ವರ್ಷಕ್ಕೆ 2% ಇದ್ದರೆ, 28 ವರ್ಷದ ನಂತರದ 1,208 ಪೌಂಡ್‌ಗೆ ಇವತ್ತಿನ 694 ಪೌಂಡ್‌ನಷ್ಟೇ ಬೆಲೆ. ಸಂಬಳವೂ ಏರಿರುತ್ತದೆ. ಹಾಗಾಗಿ ನಿಜವಾದ ಹೊರೆ ಕಾಗದದ ಮೇಲೆ ಕಾಣುವುದಕ್ಕಿಂತ ಕಮ್ಮಿ.

ಆದರೂ ನನಗೆ ಆ 7 ವರ್ಷ ಇಷ್ಟವಾಗಲಿಲ್ಲ, ಅದಕ್ಕೆ ಕಾರಣ ದುಡ್ಡಿನ ಮೊತ್ತವಲ್ಲ. 2023ರಲ್ಲಿ ಗಂಡನಿಗೆ 36 ವರ್ಷ. 28 ವರ್ಷವಾದರೆ 64ಕ್ಕೆ ಸಾಲ ತೀರುತ್ತದೆ. 35 ಆದರೆ 71ಕ್ಕೆ. ಅವನ ವಯಸ್ಸಿನವರಿಗೆ ಈಗಿನ ಕಾನೂನಿನ ಪ್ರಕಾರ ಸ್ಟೇಟ್ ಪೆನ್ಷನ್, ಅಂದರೆ ಸರ್ಕಾರ ಕೊಡುವ ಪೆನ್ಷನ್ ಸಿಗೋದು 68ಕ್ಕೆ. ಅಂದರೆ ಪೆನ್ಷನ್ ಶುರುವಾದ ಮೇಲೂ ಮೂರು ವರ್ಷ ಕಂತು. ಸಂಬಳ ನಿಂತ ಮೇಲಿನ ಕಂತು, ಸಂಬಳ ಬರುವಾಗಿನ ಕಂತಿನಷ್ಟೇ ಹಗುರ ಅಂತ ಯಾವ ಹಣದುಬ್ಬರದ ಲೆಕ್ಕವೂ ನನ್ನನ್ನು ಒಪ್ಪಿಸದು.

ಇನ್ನೊಂದು ಸಣ್ಣ ವಿಷಯ. ಹೊಸ ಫಿಕ್ಸ್‌ಗೆ 999 ಪೌಂಡ್ ಫೀ ಇತ್ತು. ಕೈಯಿಂದ ಕೊಡುವ ಬದಲು ಸಾಲಕ್ಕೆ ಸೇರಿಸಿಬಿಡಿ ಅನ್ನುವ ಆಯ್ಕೆಗೂ ಫಾರಂನಲ್ಲಿ ಒಂದು ಟಿಕ್ ಗುರುತು. ಹಾಗೆ ಸೇರಿಸಿ 35 ವರ್ಷ ಕಟ್ಟಿದರೆ 999 ಆಗುವುದು 2,226. ಹೆಂಡತಿ ಇದನ್ನು ಗಮನಿಸಿ ಕೈಯಿಂದಲೇ ಕೊಟ್ಟಳು. ಮನೆಯ ಲೆಕ್ಕ ನೋಡೋದು ಅವಳೇ.

ಬ್ರೋಕರ್ ಹೇಳಿದ್ದು ಸರಿಯಿತ್ತು, ಆದರೆ

ಕೈ ಸಡಿಲವಾದಾಗ ಹೆಚ್ಚುವರಿ ಕಟ್ಟಿ ಅನ್ನುವ ಮಾತಿನಲ್ಲಿ ತಪ್ಪೇನಿಲ್ಲ. 35 ವರ್ಷದ ಸಾಲ ತೆಗೆದುಕೊಂಡು ತಿಂಗಳಿಗೆ 108 ಜಾಸ್ತಿ ಕಟ್ಟಿದರೆ ಅದು 28 ವರ್ಷಕ್ಕೇ ಮುಗಿಯುತ್ತದೆ. ಗಣಿತದಲ್ಲಿ ಎರಡೂ ಒಂದೇ. ಕಷ್ಟದ ತಿಂಗಳಲ್ಲಿ 108 ನಿಲ್ಲಿಸಬಹುದು ಅನ್ನೋದು ಲಾಭವೇ. ಕಷ್ಟ ಇಲ್ಲದ ತಿಂಗಳಲ್ಲೂ ನಿಲ್ಲಿಸಬಹುದು, ಯಾರೂ ಕೇಳುವುದಿಲ್ಲ. ಎಡವಟ್ಟಾಗೋದು ಅಲ್ಲೇ.

ಅವರಿಗೆ ವಾಪಸ್ ಬರಲು ಇನ್ನೊಂದು ಬಾಗಿಲೂ ಇತ್ತು. 2023ರ ಜೂನ್‌ನಲ್ಲಿ ಸರ್ಕಾರ ಮತ್ತು ಬ್ಯಾಂಕುಗಳು ಸೇರಿ ಮಾರ್ಟ್‌ಗೇಜ್ ಚಾರ್ಟರ್ ಅಂತ ಮಾಡಿಕೊಂಡವು. ಕಂತು ಬಾಕಿ ಉಳಿಸಿಕೊಳ್ಳದವರು ಅವಧಿ ಎಳೆಸಿಕೊಂಡು, 6 ತಿಂಗಳೊಳಗೆ ಬೇಡ ಅನ್ನಿಸಿದರೆ ಹಳೆಯ ಅವಧಿಗೆ ಮರಳಬಹುದು. ಆದಾಯವನ್ನು ಮತ್ತೆ ಪರೀಕ್ಷೆ ಮಾಡುವುದಿಲ್ಲ. 6 ತಿಂಗಳು ಕಳೆದಾಗ ಇವರ ಮನೆಯಲ್ಲಿ ನಿದ್ದೆಗೆಟ್ಟ ಮಗು, ಇಬ್ಬರ ಆಫೀಸು. ಆ ತಾರೀಖು ಸುಮ್ನೆ ದಾಟಿ ಹೋಯಿತು.

2025ರ ಸ್ಟೇಟ್‌ಮೆಂಟ್

2025ರ ಅಕ್ಟೋಬರ್‌ನಲ್ಲಿ ಬ್ಯಾಂಕಿನಿಂದ ಸ್ಟೇಟ್‌ಮೆಂಟ್ ಬಂತು. ಎರಡು ವರ್ಷದಲ್ಲಿ 28,990 ಕಟ್ಟಿದ್ದಾರೆ. ಬಡ್ಡಿ 24,360. ಬಾಕಿ ಇಳಿದದ್ದು 4,630. ಹೆಂಡತಿ ಫೋನ್ ಮಾಡಿ, "ಅಣ್ಣಾ, ಇದರಲ್ಲಿ ಏನೋ ತಪ್ಪಿದೆ ಅನ್ಸುತ್ತೆ, ಒಂದ್ಸಲ ನೋಡ್ತೀರಾ" ಅಂದಳು. ತಪ್ಪೇನೂ ಇರಲಿಲ್ಲ. 2021ರಿಂದ ಲೆಕ್ಕ ಹಾಕಿದರೆ ನಾಲ್ಕು ವರ್ಷದಲ್ಲಿ ಹತ್ತಿರ ಹತ್ತಿರ 50,000 ಪೌಂಡ್ ಕಟ್ಟಿದ್ದಾರೆ, ಸಾಲ ಇಳಿದದ್ದು 17,000. ಅದರಲ್ಲೂ ಮುಕ್ಕಾಲು ಪಾಲು ಇಳಿದದ್ದು ಆ 1.8%ರ ಎರಡು ವರ್ಷದಲ್ಲೇ.

ಅವಳ ಮೊದಲ ಪ್ರಶ್ನೆ, ದರ ಇಳಿದಿದೆಯಲ್ಲ, ಈಗಲೇ ಬದಲಾಯಿಸಬಹುದಾ? ಬ್ಯಾಂಕ್ ಆಫ್ ಇಂಗ್ಲೆಂಡಿನ ದರ ಅಷ್ಟು ಹೊತ್ತಿಗೆ 4%ಗೆ ಬಂದಿತ್ತು. ಅವರಿಗೆ ಬೇರೆ ಕಡೆ 4.3% ಸಿಗುತ್ತಿತ್ತು. ಆದರೆ ಫಿಕ್ಸ್ ಮಧ್ಯದಲ್ಲಿ ಮುರಿದರೆ ಅರ್ಲಿ ರಿಪೇಮೆಂಟ್ ಚಾರ್ಜ್ ಅನ್ನುವ ದಂಡ ಕಟ್ಟಬೇಕು. ಅವರ ಕರಾರಿನಲ್ಲಿ ಮೂರನೇ ವರ್ಷಕ್ಕೆ ಅದು 3%. ಬಾಕಿ 2,23,077, ಅದರ 3% ಅಂದರೆ 6,690 ಪೌಂಡ್. ದರದಲ್ಲಿ 1.1% ಕಮ್ಮಿ ಆದರೆ ವರ್ಷಕ್ಕೆ ಉಳಿಯೋದು 2,450, ಉಳಿದ ಮೂರು ವರ್ಷಕ್ಕೆ 7,360. ಅದರಲ್ಲಿ ಆ ದಂಡ, ಹೊಸ ಸಾಲದ 999 ಫೀ ಎರಡೂ ಕಳೆದರೆ ಮುನ್ನೂರು ಪೌಂಡ್ ನಷ್ಟ. ಇಷ್ಟು ಓಡಾಟ ಮಾಡಿ ನಷ್ಟ ಯಾಕೆ? ಬಿಟ್ಟರು.

ಎರಡನೇ ದಾರಿ ಹೆಚ್ಚುವರಿ ಕಟ್ಟೋದು. ಇಂಥ ಫಿಕ್ಸ್‌ಗಳಲ್ಲಿ ಸಾಮಾನ್ಯವಾಗಿ ವರ್ಷಕ್ಕೆ ಬಾಕಿಯ 10%ವರೆಗೆ ದಂಡವಿಲ್ಲದೆ ಕಟ್ಟಬಹುದು. ಇವರಿಗೆ ಅದು 22,000 ಚಿಲ್ಲರೆ. ಆ ಮಿತಿ ಮುಟ್ಟುವ ಪ್ರಶ್ನೆಯೇ ಇಲ್ಲ. ಅದೃಷ್ಟಕ್ಕೆ 2025ರ ಸೆಪ್ಟೆಂಬರ್‌ನಿಂದ ಇಂಗ್ಲೆಂಡಿನಲ್ಲಿ, ಇಬ್ಬರೂ ಕೆಲಸ ಮಾಡುವ ಮನೆಯ 9 ತಿಂಗಳ ಮೇಲಿನ ಮಕ್ಕಳಿಗೆ ವಾರಕ್ಕೆ 30 ಗಂಟೆ ನರ್ಸರಿ ಸರ್ಕಾರದ ಖರ್ಚಿನಲ್ಲಿ ಸಿಗುತ್ತಿದೆ. ವರ್ಷಕ್ಕೆ 38 ವಾರ. ನರ್ಸರಿ ಬಿಲ್ಲು ಗಣನೀಯವಾಗಿ ಇಳಿಯಿತು. ಕೂಡಿಸಿ ಕಳೆದು ನೋಡಿದಾಗ ತಿಂಗಳಿಗೆ 250 ಪೌಂಡ್ ತೆಗೆಯಬಹುದು ಅಂತಾಯಿತು.

5.4% ಹಾಗೇ ಇರುತ್ತದೆ ಅಂತ ಇಟ್ಟುಕೊಂಡು ಲೆಕ್ಕ ಹಾಕಿದೆವು. ಏನೂ ಮಾಡದಿದ್ದರೆ ಇನ್ನು 33 ವರ್ಷ, ಬಡ್ಡಿ 2,55,300. ತಿಂಗಳಿಗೆ 250 ಸೇರಿಸಿದರೆ 21 ವರ್ಷ 8 ತಿಂಗಳು, ಬಡ್ಡಿ 1,55,700. ಅಂದರೆ 11 ವರ್ಷ ಬೇಗ ಮುಗಿಯುತ್ತದೆ, ಬಡ್ಡಿ ಒಂದು ಲಕ್ಷದ ಹತ್ತಿರ ಉಳಿಯುತ್ತದೆ. ಗಂಡ ಇದನ್ನು ನಂಬಲಿಲ್ಲ. ಮತ್ತೆರಡು ಸಲ ಸ್ಪ್ರೆಡ್‌ಶೀಟ್‌ನಲ್ಲಿ ಹಾಕಿ ನೋಡಿದ. ಹೆಚ್ಚುವರಿ ದುಡ್ಡು ಪೂರ್ತಿ ಅಸಲಿಗೇ ಹೋಗುತ್ತದೆ ಅನ್ನೋದರಲ್ಲೇ ಇದರ ಗುಟ್ಟಿದೆ. ಕಂತಿನಲ್ಲಿ ಅಸಲಿನ ಪಾಲು ಆಗ ಬರೀ 204 ಪೌಂಡ್ ಇತ್ತು. ಅದಕ್ಕೆ 250 ಸೇರಿಸಿದರೆ ಸಾಲ ಕರಗುವ ವೇಗ ಎರಡು ಪಟ್ಟಿಗಿಂತ ಜಾಸ್ತಿ.

ಒಂದು ಎಚ್ಚರಿಕೆ. ಕೆಲವು ಬ್ಯಾಂಕುಗಳು ಹೆಚ್ಚುವರಿ ಬಂದ ಮೇಲೆ ಅವಧಿಯನ್ನು ಹಾಗೇ ಇಟ್ಟು ಮುಂದಿನ ಕಂತನ್ನು ಇಳಿಸಿಬಿಡುತ್ತವೆ. ಕಂತು ಇಳಿಯಿತು ಅಂತ ಖುಷಿಪಟ್ಟು ಅಷ್ಟೇ ಕಟ್ಟುತ್ತಾ ಹೋದರೆ ಬೇಗ ಮುಗಿಯುವ ಲಾಭದಲ್ಲಿ ದೊಡ್ಡ ಪಾಲು ಕೈಬಿಟ್ಟ ಹಾಗೆ. ಹೆಂಡತಿ ಬ್ಯಾಂಕಿಗೆ ಫೋನ್ ಮಾಡಿ, ಕಂತು ಇದ್ದ ಹಾಗೇ ಇರಲಿ, ಅವಧಿ ಕಮ್ಮಿ ಆಗಲಿ ಅಂತ ಬಾಯಿಬಿಟ್ಟು ಕೇಳಿದಳು. ಅದನ್ನು ಬರಹದಲ್ಲೂ ತರಿಸಿಕೊಂಡಳು.

ಗಂಡನ ಆಕ್ಷೇಪ ಒಂದಿತ್ತು, ಸರಿಯಾದದ್ದೇ. ಆ 250 ಅನ್ನು ಉಳಿತಾಯ ಖಾತೆಗೆ ಹಾಕಿದರೆ? ಉತ್ತರ ದರದ ಮೇಲೆ ನಿಂತಿದೆ. 5.4% ಸಾಲ ತೀರಿಸಿದರೆ 5.4% ಗಳಿಸಿದಂತೆಯೇ, ಅದಕ್ಕೆ ತೆರಿಗೆಯೂ ಇಲ್ಲ. ಈಗ ಅಷ್ಟು ಕೊಡುವ ಮಾಮೂಲಿ ಉಳಿತಾಯ ಖಾತೆ ಹುಡುಕಿದರೂ ಸಿಗೋದು ಕಷ್ಟ. ಆದರೆ 2023ರಲ್ಲಿ ಇವರಿಗೆ 1.8% ಸಾಲ ಇದ್ದಾಗ, ಉಳಿತಾಯ ಖಾತೆಗಳಲ್ಲಿ 5%ರ ಹತ್ತಿರ ಸಿಗುತ್ತಿತ್ತು. ಆಗ ಹೆಚ್ಚುವರಿ ಕಟ್ಟಿದ್ದರೆ ದಡ್ಡತನವಾಗುತ್ತಿತ್ತು. ಅವರ ಗೆಳೆಯರೊಬ್ಬರಿಗೆ 2026ರವರೆಗೂ 1.6% ಫಿಕ್ಸ್ ಇದೆ. ಅವರಿಗೆ ನಾನು ಒಂದು ಪೌಂಡ್ ಕೂಡ ಜಾಸ್ತಿ ಕಟ್ಟಬೇಡಿ, ಖಾತೆಯಲ್ಲಿ ಕೂಡಿಡಿ, ಫಿಕ್ಸ್ ಮುಗಿದ ದಿನ ಒಟ್ಟಿಗೆ ಹಾಕಿ ಅಂದಿದ್ದೇನೆ. ಇನ್ನು, ಮೂರು ತಿಂಗಳ ಖರ್ಚು ಕೈಯಲ್ಲಿಲ್ಲದವರು ಮನೆ ಸಾಲಕ್ಕೆ ಹೆಚ್ಚುವರಿ ಕಟ್ಟಲೇಬಾರದು. ಒಮ್ಮೆ ಒಳಗೆ ಹೋದ ದುಡ್ಡು ಕೆಲಸ ಹೋದಾಗ ವಾಪಸ್ ಬರೋದು ಅನುಮಾನ. ಇವರ ಬಳಿ ಅಷ್ಟು ಇತ್ತು.

2028ಕ್ಕೆ

ಫಿಕ್ಸ್ ಮುಗಿಯೋದು 2028ರ ಅಕ್ಟೋಬರ್‌ನಲ್ಲಿ. 250 ತಪ್ಪದೆ ಹೋದರೆ ಆಗ ಬಾಕಿ ಸುಮಾರು 2,05,400. ಇಲ್ಲದಿದ್ದರೆ 2,15,100. ಹೊಸ ಫಿಕ್ಸ್ ಮಾಡಿಸುವಾಗ ಫಾರಂನಲ್ಲಿ ಅವಧಿಯ ಜಾಗದಲ್ಲಿ ಮತ್ತೆ 30 ಅಂತ ಬರೆಯುವ ಚಾಳಿ ಬಹಳ ಜನರಿಗೆ ಇದೆ. ಪ್ರತಿ ಸಲ ಹಾಗೆ ಮಾಡುತ್ತಾ ಹೋದರೆ ಸಾಲ ಮುಗಿಯುವ ವರ್ಷ ಮುಂದಕ್ಕೆ ಓಡುತ್ತಲೇ ಇರುತ್ತದೆ. ಇವರು 23 ಅಂತ ಬರೆಯಬೇಕು ಅಂತ ತೀರ್ಮಾನಿಸಿದ್ದಾರೆ. ಮೊದಲ ದಿನ ಅಂದುಕೊಂಡ 2051ಕ್ಕೇ ಸಾಲ ಮುಗಿಸಲು ಅಷ್ಟು ಬೇಕು. ಆಗ 4.5% ದರ ಸಿಕ್ಕರೆ ಕಂತು 1,196, ಈಗ ಕಟ್ಟುತ್ತಿರುವುದಕ್ಕಿಂತಲೂ ಕಮ್ಮಿ. 5.4%ರಲ್ಲೇ ನಿಂತರೂ 1,301. ಎರಡೂ ಈಗ ಅವರು ಹೆಚ್ಚುವರಿ ಸೇರಿಸಿ ಕಟ್ಟುತ್ತಿರುವ 1,458ರ ಒಳಗೇ ಇವೆ.